ಮೆಣಸಿನ ಲೆಕ್ಕ

ಎಣಿಸುವ ಕೆಲಸ ನನಗೆ ಕೊಟ್ಟರು.
ನಾಪೋಕ್ಲು ಶಾಲೆಯಲ್ಲಿ ಗಣಿತ ಹೇಳುವವಳು,
ಮೇಲಾಗಿ ಹೊರಗಿಂದ ಬಂದ ಸೊಸೆ,
ಯಾರ ಕಡೆಗೂ ಸೇರದವಳು ಎಂದು
ಸುಬೇದಾರ್ ಪೂಣಚ್ಚ ಮಾವ ಎದ್ದು ನಿಂತು ಹೇಳಿದಾಗ
ನಡುಮನೆ ತುಂಬ ನಗು.
ಬಂದು ಹದಿನಾಲ್ಕು ವರ್ಷ. ಇನ್ನೂ ಹೊರಗು.

ವಿಷಯ ಇಷ್ಟೇ:
ಒಕ್ಕದಲ್ಲಿ ಹಿರಿಯನೇ ಪಟ್ಟೆದಾರ.
ಯಾರೂ ಆರಿಸಿದ್ದಲ್ಲ, ವಯಸ್ಸು ಆರಿಸಿದ್ದು;
ಮುಂದಿನವ ಸತ್ತ ದಿನ ಹಿಂದಿನವನಿಗೆ ಪಟ್ಟ.
ಮಡಿಕೇರಿ ಕೋಟೆಯಲ್ಲಿ ಅರಸರು ಮುಗಿದು
ಎಷ್ಟೋ ತಲೆಮಾರಾದರೂ
ಬಲ್ಲಮಾವಟಿಯ ಈ ನಡುಮನೆಯಲ್ಲಿ
ಒಬ್ಬರು ಉಳಿದಿದ್ದರು: ಬೆಳ್ಯಪ್ಪಜ್ಜ,
ಎಂಬತ್ತಾರು, ಕಿವಿ ಮಂದ, ಸಹಿ ಮಾತ್ರ ಚುರುಕು.

ಆ ಸಹಿಯಿಂದ ಹೋದ ಫೆಬ್ರವರಿಯಲ್ಲಿ
ನಲವತ್ತೆರಡು ಸಿಲ್ವರ್ ಓಕ್ ಬಿದ್ದವು.
ಕುಶಾಲನಗರದ ಸಾಹುಕಾರ, ಎರಡು ಲಾರಿ.
ಯಾರನ್ನೂ ಕೇಳಲಿಲ್ಲ. ಕೇಳುವ ರೂಢಿ ಎಲ್ಲಿತ್ತು?
ಮರಕ್ಕೆ ಹಬ್ಬಿದ ಮೆಣಸಿನ ಬಳ್ಳಿ
ನಾನು ನೆಟ್ಟದ್ದು, ಬಾಳೆನಾರಿನಲ್ಲಿ ಕಟ್ಟಿ ಹತ್ತಿಸಿದ್ದು,
ಮರದ ಜೊತೆಗೇ ನೆಲಕ್ಕೆ,
ಗೊಂಚಲು ಇನ್ನೂ ಹಸಿರು.
ಬಾಚಿ ತಂದು ಕಣದಲ್ಲಿ ಒಣಗಿಸಿದೆ.
ಹಾಗಾಗಿ, ಚೀಟಿ ಬೇಡ, ಓದು ಬಾರದವರಿದ್ದಾರೆ,
ಕಾಳು ಹಾಕೋಣ ಎಂದಾಗ
ಮೆಣಸು ನನ್ನ ಡಬ್ಬಿಯಿಂದಲೇ ಹೋಯಿತು.

ಮೆಣಸು ಹಾಕಿದರೆ: ಅಧಿಕಾರಕ್ಕೆ ಅಂಕೆ.
ಮರ, ಬ್ಯಾಂಕು, ಜಮ್ಮಾ ಕಾಗದ, ಕೋರ್ಟು
ಐವರು ಕೂಡಿ ನೋಡುವುದು; ಅಜ್ಜನಿಗೆ
ದೀಪ, ಗುರುಕಾರೋಣನ ಎಡೆ,
ಕೈಲ್ ಮುಹೂರ್ತದ ಮೊದಲ ಗುಂಡು.
ಅಕ್ಕಿ ಹಾಕಿದರೆ: ಇದ್ದದ್ದು ಇದ್ದ ಹಾಗೆ.

ಒಬ್ಬೊಬ್ಬರ ಕೈಗೆ ಒಂದು ಕರಿದು, ಒಂದು ಬಿಳಿದು.
ತಾಮ್ರದ ಬಿಂದಿಗೆ, ಬಾಯಿಗೆ ಯಾರದೋ ಕೆಂಪು ವಸ್ತ್ರ.
ಬೀಳುವ ಸದ್ದಿನಲ್ಲೇ ಗುಟ್ಟು ಬಯಲಾದೀತೆಂದು
ಸುಬೇದಾರರಿಗೆ ಗುಮಾನಿ; ತಳಕ್ಕೆ ಬಟ್ಟೆ ಹಾಸಿಸಿದರು.

ಮೊದಲ ತಕರಾರು ಚೋಂದವ್ವತ್ತೆಯದು.
ಕೊಟ್ಟ ಹೆಣ್ಣು, ಗಂಡ ಸತ್ತ ಮೇಲೆ ತಿರುಗಿ ಬಂದವಳು,
ಈ ಒಕ್ಕವೋ ಆ ಒಕ್ಕವೋ?
ವಿರಾಜಪೇಟೆಯ ವಕೀಲ ಮೈದುನ ಪುಸ್ತಕ ತಿರುವಿ
ಹೌದೆಂದ, ಅಲ್ಲವೆಂದ, ಎರಡೂ ಸರಿ ಎಂದ.
ಅಜ್ಜ ಕೋಲನ್ನು ಒಮ್ಮೆ ನೆಲಕ್ಕೆ ಕುಟ್ಟಿ
"ಹಾಕಲಿ" ಎಂದರು.
ಎಲ್ಲರೂ ಸುಮ್ಮನಾದರು.
ಯಾವುದನ್ನು ಕತ್ತರಿಸಲು ಕೂಡಿದ್ದೆವೋ
ಅದನ್ನೇ ಬಳಸಿಕೊಂಡು ಮುಂದೆ ನಡೆದೆವು.
ಅತ್ತೆ ಹಾಕಿದ್ದು ಮೆಣಸು. ನನಗೊಬ್ಬಳಿಗೇ ಹೇಳಿದಳು,
ಗುಟ್ಟಾಗಿ, ಇಡೀ ಜಗುಲಿಗೆ ಕೇಳುವ ಹಾಗೆ.

ಬೋಜಮ್ಮಜ್ಜಿ ಅಕ್ಕಿ.
ಮರಗಳ ಸಿಟ್ಟು ಅವಳಿಗೆ ನನಗಿಂತ ಹೆಚ್ಚು;
ಆದರೆ ಆ ದೀಪದ ಮುಂದೆ ನಿಂತ ಕೈಗೆ
ಅಕ್ಕಿ ಹಾಕಿಯೇ ಗೊತ್ತು,
ಮದುಮಕ್ಕಳ ಮೊಣಕಾಲಿಗೆ, ಹೆಗಲಿಗೆ, ತಲೆಗೆ.
"ಕೈ ಕೇಳಲಿಲ್ಲ ಮಗಳೇ" ಎಂದಳು.

ಬಿಂದಿಗೆಯನ್ನು ಮೊರಕ್ಕೆ ಸುರುವಿ ಕೂತೆ.
ಮೆಣಸು ನಲವತ್ತಮೂರು. ಅಕ್ಕಿ ಮೂವತ್ತೇಳು,
ಜೊತೆಗೊಂದು ನುಚ್ಚು; ಅದನ್ನೂ ಇಡಿ ಎಂದೇ ಬರೆದೆ.
ಎಂಬತ್ತೊಂದು.
ಬಂದವರು ಎಂಬತ್ತೆರಡು.
ಮತ್ತೆ ಎಣಿಸಿದೆ. ಮೊರ ತಟ್ಟಿದೆ, ಬಟ್ಟೆ ಕೊಡವಿದೆ.
ತಲೆ ಎತ್ತಿದರೆ ಎದುರಿಗೆ ಅಜ್ಜ,
ಅಂಗೈಯಲ್ಲಿ ಅಕ್ಕಿಕಾಳು ಹಾಗೇ ಇದೆ,
ದವಡೆ ನಿಧಾನಕ್ಕೆ ಆಡುತ್ತಿದೆ, ಕಣ್ಣಲ್ಲಿ ನೀರು.
ಖಾರಕ್ಕೋ ಏನೋ. ಗಣಿತದವಳು ಊಹೆ ಬರೆಯಬಾರದು.
"ಒಂದು ಬಂದಿಲ್ಲ" ಎಂದು ಬರೆದೆ.

ಅರಸನ ಅಂಕೆಯಿಲ್ಲ, ದೆವ್ವದ ಕಾಟವಿಲ್ಲ
ಎಂದು ಹುಡುಗರು ಜೀಪು ಹತ್ತುತ್ತ ಕೂಗಿದರು.
ನಾನೂ ನಕ್ಕೆ. ನಾನು ಹಾಕಿದ್ದೂ ಮೆಣಸೇ,
ಬೆರಳು ಮೂಸಿದರೆ ಇನ್ನೂ ಅದೇ ಘಾಟು.

ಸಂಜೆ, ತೂಗುದೀಪದ ಹೊತ್ತು.
ಅಡುಗೆಮನೆಯ ಬಾಗಿಲಿಗೆ ಬಂದು ನಿಂತರು,
ಹಿಂದೆಂದೂ ಅಲ್ಲಿ ನಿಂತವರಲ್ಲ,
ಕೈಯಲ್ಲಿ ಎಣ್ಣೆಯ ಮಿಳ್ಳೆ.
"ಎಷ್ಟು ಹಾಕಲಿ?" ಎಂದರು.
ಅಣಕವಿರಲಿಲ್ಲ. ಇದ್ದಿದ್ದರೆ ಸುಲಭವಿತ್ತು.
ಠರಾವು ತೆಗೆದು ಮೊದಲಿಂದ ಓದಿದೆ.
ಎಣ್ಣೆಯ ಮಾತು ಎಲ್ಲೂ ಇರಲಿಲ್ಲ.